ಪೋರ್ಚುಗೀಸ್ ಸಣ್ಣಕಲ್ಲಿನ ಹಾಸು ಮಲೆನಾಡ ಮಳೆಗೆ ತಡೆಯುತ್ತಾ? ಅಂಗಳಕ್ಕೆ ಹಾಕಿಸಬೇಕು

ಕಾಫಿಕಣ (ಮೂಡಿಗೆರೆ) ಕೇಳಿದ್ದು:

ಎಲ್ಲರಿಗೂ ನಮಸ್ಕಾರ. ಹೋಂಸ್ಟೇ ಮುಂದಿನ ಅಂಗಳ 18 ಅಡಿ ಉದ್ದ, 12 ಅಡಿ ಅಗಲ. ಈಗಿರೋದು ಹಳೇ ಸಿಮೆಂಟ್ ನೆಲ, ಅಲ್ಲಲ್ಲಿ ಬಿರುಕು, ಮಳೆಗಾಲ ಪೂರ್ತಿ ಪಾಚಿ. ಅದನ್ನ ಕೀಳಿಸಿ ಪೋರ್ಚುಗಲ್‌ನವರು ಫುಟ್‌ಪಾತಿಗೆ ಹಾಕೋ ಸಣ್ಣಕಲ್ಲಿನ ಹಾಸು ಮಾಡಿಸೋ ಆಸೆ. ಲಿಸ್ಬನ್‌ನ ರೊಸ್ಸಿಯೊ ಚೌಕದಲ್ಲಿ, ಬ್ರೆಜಿಲ್‌ನ ಕೋಪಕಬಾನಾ ಬೀಚ್ ಪಕ್ಕದಲ್ಲಿ ಕಪ್ಪು-ಬಿಳಿ ಅಲೆ ಇದೆಯಲ್ಲ, ಆ ನಮೂನೆ.

ಕಲ್ಲು ಯಾವುದು ತರಿಸಲಿ? ಶಹಾಬಾದ್, ಕಡಪ ಸಾಕಾ? ಕೆಳಗೆ ಕಾಂಕ್ರೀಟ್ ಬೇಕಾ, ಮರಳೇ ಸಾಕಾ? ಬರೋ ಅತಿಥಿಗಳಲ್ಲಿ ವಯಸ್ಸಾದವರು ಜಾಸ್ತಿ, ಜಾರುತ್ತಾ ಅನ್ನೋದು ದೊಡ್ಡ ಚಿಂತೆ. ಹೆಂಚಿನ ಮನೆ, ಸೂರಿನ ನೀರು ನೇರ ಅಂಗಳಕ್ಕೇ ಬೀಳುತ್ತೆ. ಒಂದೊಂದು ಸಲ ಪಿಕಪ್ ಗಾಡಿನೂ ಒಳಗೆ ಬರುತ್ತೆ.

---

ಬಳಪದಕಲ್ಲು (ಬೇಲೂರು):

ಕಲ್ಲಿನ ಪ್ರಶ್ನೆಗಷ್ಟೇ ಉತ್ತರಿಸುತ್ತೇನೆ, ತಳದ ವಿಷಯ ಬಲ್ಲವರು ಹೇಳಲಿ.

ಲಿಸ್ಬನ್‌ನ ಆ ಹಾಸು ಸುಣ್ಣದಕಲ್ಲಿನದು. ಬಿಳಿಯಂತೂ ಸುಣ್ಣದಕಲ್ಲೇ, ಕಪ್ಪಿಗೆ ಕಪ್ಪು ಸುಣ್ಣದಕಲ್ಲು ಇಲ್ಲವೇ ಬಸಾಲ್ಟ್. ಲಿಸ್ಬನ್‌ನ ಉತ್ತರಕ್ಕಿರುವ ಐರ್ ಮತ್ತು ಕಾಂದಿಯೈರೊಸ್ ಬೆಟ್ಟಸಾಲು ಆ ಕಲ್ಲಿನ ಕಣಜ. 1842ರಲ್ಲಿ ಸಾವ್ ಜಾರ್ಜ್ ಕೋಟೆಯಲ್ಲಿ ಯುಸೇಬಿಯೊ ಫುರ್ತಾದೊ ಎಂಬ ಸೇನಾಧಿಕಾರಿ ಕೈದಿಗಳ ಕೈಲಿ ಅಂಕುಡೊಂಕು ಗೆರೆಯ ಹಾಸು ಮಾಡಿಸಿದ. ಜನ ಮೆಚ್ಚಿದರು, 1848–49ರಲ್ಲಿ ರೊಸ್ಸಿಯೊ ಚೌಕಕ್ಕೆ ಅಲೆ ಬಂತು. ಇತಿಹಾಸ ಇಷ್ಟು ಸಾಕು. ನಿಮಗೆ ಬೇಕಾದ್ದು ಸುಣ್ಣದಕಲ್ಲನ್ನೇ ಯಾಕೆ ಹಿಡಿದರು ಅನ್ನೋದು. ಕಲ್ಲಿನ ಗಡಸನ್ನು 1ರಿಂದ 10ರವರೆಗೆ ಅಳೆಯುವ ಮೋಸ್ ಮಾಪನದಲ್ಲಿ ಅದರ ಗಡಸುತನ ಸುಮಾರು 3. ಕೆಲಸಗಾರ ಕಲ್ಲನ್ನು ಎಡಗೈಲಿ ಹಿಡಿದು ಸಣ್ಣ ಸುತ್ತಿಗೆಯಲ್ಲಿ ಎರಡು ಏಟು ಕೊಟ್ಟರೆ ಬೇಕಾದ ಮೂಲೆ ಹಾರುತ್ತದೆ. ಗ್ರಾನೈಟ್ 6ರಿಂದ 7, ಅಂಗೈಯಲ್ಲಿಟ್ಟು ಕಡಿಯುವ ಮಾತೇ ಇಲ್ಲ. ಅವರ ಕೆಲಸದ ವೇಗ, ನಮೂನೆಯ ನವಿರು ಎಲ್ಲ ನಿಂತಿರುವುದು ಈ ಮೆತು ಕಲ್ಲಿನ ಮೇಲೆ. ಅದರ ದೊಡ್ಡ ದೋಷವೂ ಅಲ್ಲೇ ಇದೆ: ಮೆತು ಕಲ್ಲು, ಹರಳು ಸಣ್ಣ, ಜನ ನಡೆದಷ್ಟೂ ಒಂದೇ ಸಮ ಸವೆದು ಕನ್ನಡಿಯಾಗುತ್ತದೆ. ಮೇಲೆ ನೀರು ಬಿದ್ದರೆ ಜಾರುತ್ತದೆ.

ಶಹಾಬಾದ್, ಕಡಪ ಎರಡೂ ಸುಣ್ಣದಕಲ್ಲಿನ ಜಾತಿಯೇ, ಅಂದರೆ ಅದೇ ದೋಷ. ಅದೂ ಅಲ್ಲದೆ ಇವು ಪದರ ಪದರ. ಮಾರುವುದು ಚಪ್ಪಡಿಯಾಗಿ. ಚಪ್ಪಡಿ ಒಡೆದರೆ ಬಿಲ್ಲೆ ಸಿಗುತ್ತದೆ, ಘನ ಸಿಗುವುದಿಲ್ಲ. ಬಿಲ್ಲೆಗೆ ಆಳ ಇಲ್ಲದ ಕಾರಣ ಅಕ್ಕಪಕ್ಕದ ಕಲ್ಲು ಅದನ್ನು ಹಿಡಿಯಲಾರದು, ಒಂದು ಅಂಚು ತುಳಿದರೆ ಇನ್ನೊಂದು ಅಂಚು ಏಳುತ್ತದೆ. ಬೆಣಚುಕಲ್ಲು ಬಿಳಿಯೇನೋ ಹೌದು, ಆದರೆ ಗಾಜಿನ ಚೂರಿನಂತೆ ಒಡೆಯುತ್ತದೆ, ಅಂಚು ಕಾಲು ಕೊಯ್ಯುತ್ತದೆ. ನಮ್ಮ ಬೇಲೂರು, ಹಳೇಬೀಡಿನ ಬಳಪದಕಲ್ಲನ್ನು ಯಾರಾದರೂ ಹೇಳಿದರೆ ಕೇಳಬೇಡಿ. ಶಿಲ್ಪಕ್ಕೆ ಅದು ಬಂಗಾರ. ನೆಲಕ್ಕೆ ಹಾಕಿದರೆ ಒದ್ದೆಯಲ್ಲಿ ಸೋಪು.

ಮೂಡಿಗೆರೆಗೆ ಸರಿಹೊಂದುವುದು ಗ್ರಾನೈಟ್ ಕ್ಯೂಬು. ತಿಳಿಬಣ್ಣಕ್ಕೆ ದೇವನಹಳ್ಳಿ ಕಡೆಯ ಸಾದರಹಳ್ಳಿ ಕಲ್ಲು, ಕಪ್ಪಿಗೆ ಚಾಮರಾಜನಗರ, ಕನಕಪುರ ಕಡೆಯ ಕರಿಕಲ್ಲು. ಬಿಳಿ ಬರುವುದಿಲ್ಲ, ತಿಳಿಬೂದು ಬರುತ್ತದೆ. ಮಳೆಯಲ್ಲಿ ನೆನೆದಾಗ ಎರಡಕ್ಕೂ ಅಂತರ ಚೆನ್ನಾಗಿಯೇ ಕಾಣುತ್ತದೆ. ಆರ್ಡರ್ ಕೊಡುವಾಗ ಎರಡು ಮಾತು ಖಡಾಖಂಡಿತ ಹೇಳಿ. ಒಂದು, ಮೇಲ್ಮೈಗೆ ಪಾಲಿಶ್ ಬೇಡ, ಒಡೆದ ಮುಖ ಇಲ್ಲವೇ ಫ್ಲೇಮ್ ಮಾಡಿದ (ಬೆಂಕಿಯುರಿ ಹಾಯಿಸಿ ಒರಟು ಮಾಡಿದ) ಮುಖ. ಎರಡು, ಪಕ್ಕಗಳು ಗರಗಸದಲ್ಲಿ ಕುಯ್ದದ್ದಲ್ಲ, ಒಡೆದದ್ದಾಗಿರಲಿ. ಕುಯ್ದ ಪಕ್ಕ ನುಣುಪು, ಸಂದಿಯ ಮರಳು ಅದನ್ನು ಕಚ್ಚಿಕೊಳ್ಳುವುದಿಲ್ಲ, ಎರಡು ಮಳೆಗಾಲದಲ್ಲಿ ಕಲ್ಲು ಅಲ್ಲಾಡಲು ಶುರು. ಕೆಳಮುಖ ಮೇಲ್ಮುಖಕ್ಕಿಂತ ತುಸು ಕಿರಿದಾಗಿದ್ದರೆ ಇನ್ನೂ ಒಳ್ಳೆಯದು: ಮೇಲೆ ಸಂದು ಬಿಗಿ, ಕೆಳಗೆ ಮರಳಿಗೆ ಜಾಗ.

---

ಮಟ್ಟದದಾರ (ಹಾಸನ):

ಬಳಪದಕಲ್ಲು ಅವರು ಹೇಳಿದ್ದು ಸರಿ. ನಾನು ನೆಲದೊಳಗಿನ ಲೆಕ್ಕ ಕೊಡ್ತೀನಿ. ಈ ಹಾಸು ಕೆಟ್ಟಿತು ಅಂತ ಜನ ದೂರೋದು ಕಲ್ಲನ್ನ, ಕೆಟ್ಟಿರೋದು ಮಾತ್ರ ಹತ್ತಕ್ಕೆ ಒಂಬತ್ತು ಸಲ ತಳ.

18×12 ಅಂದ್ರೆ 216 ಚದರ ಅಡಿ. ಅಗೆಯೋ ಆಳ ಒಂಬತ್ತೂವರೆ ಇಂಚು: ತಳ 6, ಚಿಪ್ಸ್ (ಸಣ್ಣ ಜಲ್ಲಿ) ಪದರ ಒಂದೂವರೆ, ಕಲ್ಲು 2. ಕಿತ್ತ ಸಿಮೆಂಟ್ ನೆಲದ ತುಂಡು ಎಸೀಬೇಡಿ, 2 ಇಂಚಿಗಿಂತ ಚಿಕ್ಕದಾಗಿ ಒಡೆದು ಮೆತ್ತಗಿರೋ ಜಾಗಕ್ಕೆ ತುಂಬಿ ದಮ್ಮಸ್ಸು ಮಾಡಿಸಿ. ಜೇಡಿ ಮಣ್ಣಾದ್ರೆ ಮೇಲೆ ಜಿಯೋಟೆಕ್ಸ್‌ಟೈಲ್ ಬಟ್ಟೆ ಒಂದು ಪದರ ಹಾಸಿ, ಇಲ್ಲಾಂದ್ರೆ ಮಳೆಗಾಲದಲ್ಲಿ ಕೆಸರು ಜಲ್ಲಿಯೊಳಗೆ ಏರಿ ಬರುತ್ತೆ.

ವಾಟ (ನೀರು ಹರಿಯೋ ಇಳಿಜಾರು) ತಳದಲ್ಲೇ ಕೊಡ್ಬೇಕು, ಚಿಪ್ಸ್‌ನಲ್ಲಿ ಸರಿಮಾಡ್ಕೊಳ್ಳೋಣ ಅಂದ್ರೆ ಆಗಲ್ಲ. ಮನೆಯಿಂದ ಹೊರಕ್ಕೆ 12 ಅಡಿಗೆ 3 ಇಂಚು ಇಳಿಲಿ. ಅದಕ್ಕಿಂತ ಕಡಿಮೆ ಆದ್ರೆ ಒಡೆದ ಮುಖದ ಕಲ್ಲಿನ ತಗ್ಗಲ್ಲಿ ನೀರು ನಿಲ್ಲುತ್ತೆ, ತುಂಬ ಜಾಸ್ತಿ ಮಾಡಿದ್ರೆ ವಯಸ್ಸಾದವರಿಗೆ ಕಷ್ಟ, ಸಂದಿಯ ಪುಡೀನೂ ಕೊಚ್ಚಿ ಹೋಗುತ್ತೆ.

ತಳಕ್ಕೆ ವೆಟ್ ಮಿಕ್ಸ್ ಜಲ್ಲಿ, ಅಂದ್ರೆ ದಪ್ಪ-ಸಣ್ಣ ಜಲ್ಲಿ, ಪುಡಿ, ನೀರು ಸೇರಿಸಿ ಕಲಸಿದ್ದು. ದಮ್ಮಸ್ಸಾದ ಮೇಲೆ 108 ಸಿಎಫ್‌ಟಿ (ಘನ ಅಡಿ) ಬೇಕು, ಸಡಿಲ ಲೆಕ್ಕದಲ್ಲಿ 140 ತರಿಸಿ. ಮೂರು ಮೂರು ಇಂಚಿನ ಎರಡು ಪದರ, ಪ್ರತಿ ಪದರಕ್ಕೂ ನೀರು ಚಿಮುಕಿಸಿ ಪ್ಲೇಟ್ ಕಂಪ್ಯಾಕ್ಟರ್ (ದಮ್ಮಸ್ಸು ಮಾಡೋ ಯಂತ್ರ) ಓಡಿಸಿ. ಹಿಮ್ಮಡಿ ಊರಿ ತಿರುಗಿದ್ರೆ ಗುರುತು ಬೀಳಬಾರದು. ಬೀಳ್ತಾ ಇದ್ರೆ ಇನ್ನೊಂದು ಸುತ್ತು ಓಡಿಸಿ.

ಅದರ ಮೇಲೆ 6 ಎಂಎಂ ಚಿಪ್ಸ್, 35 ಸಿಎಫ್‌ಟಿ. ಕ್ವಾರಿ ಡಸ್ಟ್ ಅಗ್ಗ ಅಂತ ಮೇಸ್ತ್ರಿ ಅದನ್ನೇ ಸುರಿಯೋಕೆ ನೋಡ್ತಾರೆ, ಬಿಡಬೇಡಿ. ಅದರಲ್ಲಿ ಹಿಟ್ಟು ಜಾಸ್ತಿ, ನೀರು ಹಿಡ್ಕೊಂಡು ಅಂಬಲಿ ಆಗುತ್ತೆ, ಕಾಲಿಟ್ಟಾಗೆಲ್ಲ ಸಂದಿಯಿಂದ ಮೇಲಕ್ಕೆ ಚಿಮ್ಮುತ್ತೆ. ಕಲ್ಲಿನಡಿ ಟೊಳ್ಳು ಬೀಳೋದು ಹಾಗೆ.

ಅಂಚು ಬಿಗಿ ಇಲ್ದಿದ್ರೆ ಮಿಕ್ಕಿದ್ದೆಲ್ಲ ದಂಡ. ನಾಲ್ಕೂ ಕಡೆ ಸೈಜುಗಲ್ಲನ್ನ ಕಾಂಕ್ರೀಟಿನಲ್ಲಿ ಕೂರಿಸಿ, ಹಿಂಬದಿಗೂ ಕಾಂಕ್ರೀಟ್ ಆನಿಸಿ. ಇಳಿಜಾರಿನ ಕೆಳಗಿನ ಅಂಚಿನಲ್ಲಿ ಚಿಪ್ಸ್ ಪದರದ ಮಟ್ಟಕ್ಕೆ 4 ಅಡಿಗೊಂದರಂತೆ ಮುಕ್ಕಾಲು ಇಂಚಿನ ಪೈಪ್ ತುಂಡು ಇಟ್ಟು ಒಳಬಾಯಿಗೆ ಜಾಲರಿ ಕಟ್ಟಿ. ಸಂದಿಯಿಂದ ಇಳಿದ ನೀರು ಗಟ್ಟಿ ತಳದ ಮೇಲೆ ಹರಿದು ಅಲ್ಲಿಂದ ಹೊರಗೆ ಹೋಗ್ಬೇಕು. ಇದನ್ನ ಮರೆತ ಕಡೆ ಜುಲೈ ಹೊತ್ತಿಗೆ ಅಂಗಳದ ಕೆಳಗಿನ ಅರ್ಧ ಮೆತ್ತಗಾಗಿರುತ್ತೆ.

ಕಲ್ಲು: 5 ಸೆಂ.ಮೀ. ಕ್ಯೂಬು, 5 ಎಂಎಂ ಸಂದು ಲೆಕ್ಕ ಹಾಕಿದ್ರೆ ಚದರ ಅಡಿಗೆ ಸುಮಾರು 30, ಒಟ್ಟು 6,600. ಒಡೆದದ್ದು, ಆರಿಸಿದ್ದು ಸೇರಿ 7,100 ಇಟ್ಕೊಳ್ಳಿ. ತೂಕ ಎರಡೂಕಾಲರಿಂದ ಎರಡೂವರೆ ಟನ್. ಬಂದ ತಕ್ಷಣ ಎತ್ತರದ ಪ್ರಕಾರ ಮೂರು ರಾಶಿ ಮಾಡಿಸಿ. ಕುಳ್ಳ ಕಲ್ಲು, ಎತ್ತರದ ಕಲ್ಲು ಅಕ್ಕಪಕ್ಕ ಬಂದ್ರೆ ಎಡವೋದು ಗ್ಯಾರಂಟಿ.

ಹಾಕೋದು ಓರೆ ಸಾಲಲ್ಲಿ, ಗೋಡೆಗೆ 45 ಡಿಗ್ರಿ. ನಡೆಯೋ ದಿಕ್ಕಿಗೆ ಉದ್ದ ಸಂದು ಸಿಗಬಾರದು. ಪ್ರತಿ ಕಲ್ಲಿಗೂ ಸುತ್ತಿಗೆಯ ಚೂಪು ತುದಿಯಲ್ಲಿ ಚಿಪ್ಸ್ ಕೆದಕಿ ಗುಳಿ ಮಾಡಿ, ಕಲ್ಲಿಟ್ಟು, ಚಪ್ಪಟೆ ತುದಿಯಲ್ಲಿ ತಟ್ಟಬೇಕು. ದಾರದ ಮಟ್ಟಕ್ಕಿಂತ 1 ಸೆಂ.ಮೀ. ಎತ್ತರ ಬಿಡಿ, ದಮ್ಮಸ್ಸಿಗೆ ಇಳಿಯುತ್ತೆ. ಅಂಚಿನಲ್ಲಿ ಅರ್ಧಕ್ಕಿಂತ ಚಿಕ್ಕ ಚೂರು ಬಳಸಬಾರದು, ಮೊದಲು ಏಳೋದು ಅದೇ. ಸಂದಿಗೆ ಒಣಗಿದ ಒರಟು ಎಂ-ಸ್ಯಾಂಡ್, 8 ಸಿಎಫ್‌ಟಿ. ಗುಡಿಸಿ ತುಂಬಿ, ನೀರು ಚಿಮುಕಿಸಿ, ರಬ್ಬರ್ ಪ್ಯಾಡ್ ಹಾಕಿದ ಕಂಪ್ಯಾಕ್ಟರ್ ಓಡಿಸಿ, ಮತ್ತೆ ತುಂಬಿ. ರಬ್ಬರ್ ಇಲ್ದೆ ಓಡಿಸಿದ್ರೆ ಕಲ್ಲಿನ ಮೂಲೆಗಳು ಹಾರ್ತವೆ.

ಪಿಕಪ್ ವಿಷಯ: 5 ಸೆಂ.ಮೀ. ಕಲ್ಲು ಜನಕ್ಕೆ ಮಾತ್ರ. ಲಿಸ್ಬನ್‌ನಲ್ಲೂ ಫುಟ್‌ಪಾತ್ ಗುಳಿ ಬೀಳೋದು ಹೆಚ್ಚಾಗಿ ಕಾರು ಹತ್ತಿಸಿದ ಕಡೆ, ಮರದ ಬೇರು ಎತ್ತಿದ ಕಡೆ. ಗಾಡಿ ಬರಲೇಬೇಕು ಅಂದ್ರೆ 10 ಸೆಂ.ಮೀ. ಕ್ಯೂಬು, 10 ಇಂಚು ತಳ. ಖರ್ಚು ನೋಡಿದ್ರೆ ಅಂಗಳದ ಬಾಯಿಗೆ ಎರಡು ಗೂಟಗಲ್ಲು ನೆಡೋದು ಉತ್ತಮ.

---

ಹೇಮಾವತಿದಂಡೆ (ಸಕಲೇಶಪುರ):

ಮಟ್ಟದದಾರ ಸರ್, ಹಾಸನ, ಅರಸೀಕೆರೆ ಕಡೆಗಾದರೆ ನಿಮ್ಮ ಲೆಕ್ಕಕ್ಕೆ ಎದುರಾಡುವುದಿಲ್ಲ. ಮೂಡಿಗೆರೆ, ಸಕಲೇಶಪುರದ ಮಳೆಗೆ ಸಿಮೆಂಟ್ ಇಲ್ಲದ ಸಂದು ನಿಲ್ಲುತ್ತಾ ಮಾರಾಯ್ರೆ? ಹೆಂಚಿನ ಸೂರಿನಿಂದ ಬೀಳುವ ನೀರು ಒಂದೇ ಸಾಲಿಗೆ ಬೀಳುತ್ತದೆ, ವಾರದೊಳಗೆ ಮರಳು ಖಾಲಿ. ಪೋರ್ಚುಗಲ್‌ನಲ್ಲೇ ಮರಳಿಗೆ ಸಿಮೆಂಟ್ ಬೆರೆಸಿ ಒಣ ಮಿಶ್ರಣ ಗುಡಿಸುವ ರೂಢಿ ಇದೆ. 1:4 ಒಣ ಮಿಶ್ರಣ (ಸಿಮೆಂಟ್ ಒಂದು ಪಾಲು, ಮರಳು ನಾಲ್ಕು), ಕಲ್ಲು ಪೂರ್ತಿ ಒಣಗಿರುವಾಗ ತುಂಬಿ, ಮೇಲೆ ಒಂದು ಚಿಟಿಕೆಯೂ ಉಳಿಯದಂತೆ ಗುಡಿಸಿ, ಮಂಜಿನಂತೆ ನೀರು ಬಿಟ್ಟರೆ ಗಟ್ಟಿಯಾಗುತ್ತದೆ.

---

ಮಟ್ಟದದಾರ (ಹಾಸನ):

ಗಟ್ಟಿ ಆಗುತ್ತೆ, ಒಪ್ಪಿದೆ. ಆದ್ರೆ ಸಂದು ಗಟ್ಟಿ ಮಾಡಿದ್ರೆ ತಳನೂ ಗಟ್ಟಿ ಇರ್ಬೇಕು, ಅಂದ್ರೆ 4 ಇಂಚು ಕಾಂಕ್ರೀಟ್, ಅದಕ್ಕೆ ನೀರಿಳಿಯೋ ತೂತು, ಅಂಚಿಗೆ ಹಿಗ್ಗೋ ಸಂದು. ಅಲ್ಲಾಡೋ ಜಲ್ಲಿ ತಳದ ಮೇಲೆ ಸಿಮೆಂಟ್ ಸಂದು ಮಾಡಿದ್ರೆ ಮೊದಲ ಮಳೆಗಾಲಕ್ಕೇ ಕೂದಲೆಳೆ ಬಿರುಕು, ಬಿರುಕಿಂದ ಇಳಿದ ನೀರು ಹೊರಗೆ ಬರೋಕೆ ದಾರಿ ಇಲ್ಲ. ಎರಡನೇ ತೊಂದರೆ ರಿಪೇರಿ. ಮರಳು ಸಂದಿನ ಹಾಸಲ್ಲಿ ಹತ್ತು ಕಲ್ಲು ಎಬ್ಬಿಸಿ ಪೈಪ್ ಹಾಕಿ ಅದೇ ಹತ್ತು ಕಲ್ಲು ವಾಪಸ್ ಕೂರಿಸಬಹುದು. ಸಿಮೆಂಟ್ ಹಿಡಿದ ಕಲ್ಲು ಮತ್ತೆ ಕೂರಲ್ಲ. ಮೂರನೆಯದು ಒರಟು ಗ್ರಾನೈಟ್ ಮೇಲೆ ಸಿಮೆಂಟಿನ ಬಿಳಿ ಪೊರೆ. ತೆಗೆಯೋಕೆ ಆಸಿಡ್ ಸುರೀತಾರೆ, ಅದು ಸಂದಿನ ಸಿಮೆಂಟನ್ನೇ ತಿಂದು ಕಲ್ಲಿನ ಕಬ್ಬಿಣಾಂಶಕ್ಕೆ ಹಳದಿ ಕಲೆ ಎಬ್ಬಿಸುತ್ತೆ.

ಸೂರಿನ ನೀರಿನ ಬಗ್ಗೆ ನೀವು ಹೇಳಿದ್ದು ಮಾತ್ರ ನೂರಕ್ಕೆ ನೂರು ನಿಜ. ಅದಕ್ಕೆ ಮದ್ದು ಸೂರಿಗೆ ನೀರು ಹಿಡಿಯೋ ತಗಡಿನ ದೋಣಿ. ದೋಣಿ ಬೇಡ ಅಂದ್ರೆ ನೀರು ಬೀಳೋ ಸಾಲಿಗೆ ಒಂದೂವರೆ ಅಡಿ ಅಗಲ ಒರಟು ಗ್ರಾನೈಟ್ ಚಪ್ಪಡಿ, ಅದರ ಹೊರ ಅಂಚಿಗೆ ತೆರೆದ ಚರಂಡಿ. ಸಣ್ಣಕಲ್ಲು ಅಲ್ಲಿಂದ ಆಚೆಗೆ ಶುರು ಆಗ್ಲಿ.

---

ಹೇಮಾವತಿದಂಡೆ (ಸಕಲೇಶಪುರ):

ಚಪ್ಪಡಿ ಮತ್ತು ಚರಂಡಿ ಇದ್ದರೆ ನನ್ನ ತಕರಾರು ಅರ್ಧ ಹೋಯಿತು. ಆದರೂ ಅಂಚುಗಲ್ಲಿಗೆ ತಾಗಿದ ಕೊನೆಯ ಎರಡು ಸಾಲನ್ನು ಕಾಂಕ್ರೀಟಿನಲ್ಲೇ ಕೂರಿಸಿ ಎನ್ನುತ್ತೇನೆ, ಕೆಳಗಿನ ಪೈಪ್ ಬಾಯಿ ಮುಚ್ಚದ ಹಾಗೆ. ಹೊಸ ಹಾಸಿಗೆ ಮೊದಲ ವರ್ಷ ಪ್ರೆಶರ್ ವಾಷರ್ ಹಿಡಿಯಲೇಬಾರದು. ಜೂನ್‌ಗೆ ಮುಂಚೆ ಒಮ್ಮೆ, ಅಕ್ಟೋಬರ್‌ನಲ್ಲಿ ಒಮ್ಮೆ ಸಂದಿಗೆ ಮರಳು ಗುಡಿಸಬೇಕು. ಕೆಲಸ ಜನವರಿಯಿಂದ ಏಪ್ರಿಲ್ ಒಳಗೆ ಮುಗಿಯಲಿ.

ಪಾಚಿಗೆ: 15 ಲೀಟರ್ ಬಕೆಟ್ಟಿಗೆ 100 ಗ್ರಾಂ ಬ್ಲೀಚಿಂಗ್ ಪೌಡರ್, ತಿಳಿಯಾದ ಮೇಲೆ ಮೇಲಿನ ನೀರು ಮಾತ್ರ ಹಾಕಿ ಹತ್ತು ನಿಮಿಷ ಬಿಟ್ಟು ಗಟ್ಟಿ ನೈಲಾನ್ ಬ್ರಶ್ಶಲ್ಲಿ ಉಜ್ಜಿ ತೊಳೆಯಿರಿ. ತಂತಿ ಬ್ರಶ್ ಬೇಡ, ಅದರ ಚೂರು ಉಳಿದು ತುಕ್ಕಿನ ಚುಕ್ಕೆ ಆಗುತ್ತದೆ. ಆಸಿಡ್ ಜೊತೆ ಯಾವ ಕಾರಣಕ್ಕೂ ಸೇರಿಸಬೇಡಿ, ವಿಷಗಾಳಿ ಏಳುತ್ತದೆ. ತೊಳೆದ ನೀರು ಕಾಫಿ, ಮೆಣಸಿನ ಬುಡಕ್ಕೆ ಹೋಗದಂತೆ ನೋಡಿಕೊಳ್ಳಿ.

---

ಹೊರಟವರು (ಅರಕಲಗೂಡು):

ನಡುವೆ ಬಾಯಿ ಹಾಕ್ತಿದ್ದೀನಿ, ಕ್ಷಮಿಸಿ. ಅಪ್ಪ ಅಮ್ಮನ್ನ ಡಿಸೆಂಬರ್‌ನಲ್ಲಿ ಲಿಸ್ಬನ್‌ಗೆ ಕರ್ಕೊಂಡು ಹೋಗೋದಿದೆ. ಇಬ್ಬರಿಗೂ 70ರ ಹತ್ತಿರ. ಆ ಕಲ್ಲಿನ ಮೇಲೆ ನಡೆಯೋದು ಅಷ್ಟು ಕಷ್ಟಾನಾ? ಎಂಥ ಶೂ ಕೊಡಿಸಲಿ?

---

ಕಾಲುದಾರಿ (ಚಿಕ್ಕಮಗಳೂರು):

ಒಣಗಿದ್ದಾಗ ಏನೂ ಕಷ್ಟವಿಲ್ಲ. ಡಿಸೆಂಬರ್ ಅಲ್ಲಿ ಮಳೆಯ ತಿಂಗಳು, ಹಾಗಾಗಿ ತಯಾರಾಗಿಯೇ ಹೋಗಿ.

ಶ್ರವಣಬೆಳಗೊಳದ ವಿಂಧ್ಯಗಿರಿಯನ್ನು ಬರಿಗಾಲಲ್ಲಿ ಹತ್ತುತ್ತೇವೆ, ಆರುನೂರಕ್ಕೂ ಹೆಚ್ಚು ಮೆಟ್ಟಿಲು. ಅದು ಗ್ರಾನೈಟ್. ಬೇರೆ ಬೇರೆ ಗಡಸಿನ ದಪ್ಪ ಹರಳುಗಳಿರುವುದರಿಂದ ಎಷ್ಟು ತುಳಿದರೂ ಒಂದಿಷ್ಟು ತರಿ ಉಳಿಯುತ್ತದೆ. ಲಿಸ್ಬನ್ ಕಲ್ಲಿನಲ್ಲಿ ಆ ತರಿ ಉಳಿಯುವುದಿಲ್ಲ, ಮೇಲಿನ ಮಾತಲ್ಲಿ ಕಾರಣ ಬಂದಿದೆ. ಇಲ್ಲಿನ ಅಂದಾಜಿನ ಮೇಲೆ ಅಲ್ಲಿ ಹೆಜ್ಜೆ ಇಡಬಾರದು ಅನ್ನುವುದಕ್ಕೆ ಹೇಳಿದೆ.

ಶೂ: ಮೆತ್ತನೆಯ ರಬ್ಬರ್ ಅಟ್ಟೆ, ಅಗಲ ಹಿಮ್ಮಡಿ, ಅಟ್ಟೆಯಲ್ಲಿ ಸಣ್ಣ ಸಣ್ಣ ಸೀಳು ಹೆಚ್ಚಿರಬೇಕು. ಟ್ರೆಕ್ಕಿಂಗ್ ಶೂಗಳ ದೊಡ್ಡ ದೊಡ್ಡ ಗಡ್ಡೆ ಮಣ್ಣಿಗೆ ಸರಿ, ಒದ್ದೆ ನುಣುಪು ಕಲ್ಲಿಗೆ ಅವುಗಳ ತಾಗುವ ಮೈ ಸಾಲದು. ಪೆಟ್ಟಿಗೆಯಲ್ಲಿ ವರ್ಷಗಟ್ಟಲೆ ಇದ್ದ ಶೂ ಬೇಡ, ರಬ್ಬರ್ ಗಟ್ಟಿಯಾಗಿರುತ್ತದೆ. ಉಗುರು ಒತ್ತಿದರೆ ಗುರುತು ಬೀಳದಿದ್ದರೆ ಅದು ಜಾರುವ ಅಟ್ಟೆ. ಚರ್ಮದ ಅಟ್ಟೆ, ಪ್ಲಾಸ್ಟಿಕ್ ಚಪ್ಪಲಿ ಎರಡೂ ಅಪಾಯ. ಸಣ್ಣ ಹಿಮ್ಮಡಿ ಕಲ್ಲಿನ ಸಂದಿಗೆ ಸಿಕ್ಕಿಕೊಳ್ಳುತ್ತದೆ. ಊರುಗೋಲಿದ್ದರೆ ತುದಿಯ ರಬ್ಬರ್ ಹೊಸದು ಹಾಕಿಸಿ.

ಜಾಗ: 1755ರ ಭೂಕಂಪದ ನಂತರ ಮರುಕಟ್ಟಿದ ಬೈಶಾ ಭಾಗ ಸಮತಟ್ಟು, ನೇರ ಬೀದಿಗಳು; ರೊಸ್ಸಿಯೊ ಇರುವುದೂ ಆ ತಗ್ಗಿನಲ್ಲೇ. ಹಿರಿಯರೊಂದಿಗೆ ತಂಗಲು ಅದೇ ವಾಸಿ. ಅಲ್ಫಾಮಾ, ಬೈರೂ ಆಲ್ತೂ ಕಡಿದಾದ ಏರು. ಟ್ರಾಮ್‌ನಲ್ಲೋ ಟ್ಯಾಕ್ಸಿಯಲ್ಲೋ ಮೇಲೆ ಹೋಗುತ್ತಾರೆ, ಇಳಿಯುವುದು ಸುಲಭ ಅಂತ ನಡೆದು ಬರುತ್ತಾರೆ. ಜಾರುವುದು ಇಳಿಯುವಾಗಲೇ. ಮಳೆ ಬಂದಿದ್ದರೆ ಇಳಿಯಲೂ ವಾಹನ ಹಿಡಿಯಿರಿ. ನಡೆಯಲೇಬೇಕಾದರೆ ಫುಟ್‌ಪಾತಿನ ನಡುಮಧ್ಯ ಬಿಟ್ಟು ಗೋಡೆ ಬದಿಗೆ ಬನ್ನಿ, ಅಲ್ಲಿ ಕಾಲು ಕಡಿಮೆ ಬಿದ್ದು ಕಲ್ಲು ಸ್ವಲ್ಪ ಒರಟಾಗಿರುತ್ತದೆ, ಗೋಡೆಯೂ ಕೈಗೆ ಸಿಗುತ್ತದೆ. ಹೆಜ್ಜೆ ಗಿಡ್ಡ, ಇಡೀ ಪಾದ ಒಟ್ಟಿಗೆ ಊರಬೇಕು, ಹಿಮ್ಮಡಿ ಮೊದಲು ಅಲ್ಲ. ಎರಡು ಕೈಯಲ್ಲೂ ಚೀಲ ಹಿಡಿಸಬೇಡಿ.

ಸೂಟ್‌ಕೇಸಿನ ಸಣ್ಣ ಗಟ್ಟಿ ಚಕ್ರ ಈ ಹಾಸಿನ ಮೇಲೆ ಉರುಳುವುದಕ್ಕಿಂತ ಕುಣಿಯುವುದೇ ಹೆಚ್ಚು. ನಾಲ್ಕು ಸಣ್ಣ ಚಕ್ರದ ಪೆಟ್ಟಿಗೆಗಿಂತ ಎರಡು ದೊಡ್ಡ ಚಕ್ರದ್ದು ಮೇಲು, ಇಲ್ಲವೇ ವಸತಿಯ ಬಾಗಿಲಿಗೇ ಟ್ಯಾಕ್ಸಿ. (ಮೇ ಕೊನೆ, ಜೂನ್‌ನಲ್ಲಿ ಹೋಗುವವರಿಗೆ ಇನ್ನೊಂದು: ಜಕರಂಡಾ ಹೂ ಉದುರಿ ಕಲ್ಲಿನ ಮೇಲೆ ಅಂಟು ಕಟ್ಟುತ್ತದೆ, ಮಳೆ ಇಲ್ಲದಿದ್ದರೂ ನೋಡಿಕೊಂಡು ಕಾಲಿಡಿ.)

---

ಕಾಫಿಕಣ (ಮೂಡಿಗೆರೆ):

ಎಲ್ಲರಿಗೂ ಧನ್ಯವಾದ. ಗ್ರಾನೈಟ್, ಮರಳು ಸಂದು, ಸೂರಿನ ಸಾಲಿಗೆ ಚಪ್ಪಡಿ, ಗಾಡಿಗೆ ಗೂಟಗಲ್ಲು ಅಂತ ಇಟ್ಕೊಂಡೆ. ಹಾಗಾದ್ರೆ ಅಲೆ? ಗ್ರಾನೈಟ್ ಕೈಲಿ ಕಡಿಯೋಕೆ ಆಗಲ್ಲ ಅಂದ್ರಲ್ಲ, ಬಳಪದಕಲ್ಲು ಸರ್. ಕಲ್ಲು ಕಾಲಕ್ರಮೇಣ ನುಣುಪಾದ್ರೆ ಏನು ಮಾಡೋದು?

---

ಬಳಪದಕಲ್ಲು (ಬೇಲೂರು):

ಆಗುತ್ತದೆ, ಅಲೆ ಸೌಮ್ಯವಾಗಿರಬೇಕು ಅಷ್ಟೆ. 5 ಸೆಂ.ಮೀ. ಕಲ್ಲಿನಲ್ಲಿ ಪಟ್ಟಿಯ ಅಗಲ ಒಂದಡಿಗಿಂತ ಕಡಿಮೆಯಾದರೆ ಬಾಗು ಮೆಟ್ಟಿಲು ಮೆಟ್ಟಿಲಾಗಿ ಕಾಣುತ್ತದೆ. 18 ಅಡಿ ಉದ್ದಕ್ಕೆ ನಾಲ್ಕೂವರೆ ಅಡಿಯ ನಾಲ್ಕು ಅಲೆ ಸರಿಯಾಗಿ ಕೂರುತ್ತವೆ, ಏರಿಳಿತ 9 ಇಂಚು ಇರಲಿ. ಒಂದು ಅಲೆಯ ಅಚ್ಚನ್ನು ಪ್ಲೈವುಡ್‌ನಲ್ಲಿ ಕತ್ತರಿಸಿ ಚಿಪ್ಸ್ ಮೇಲಿಟ್ಟು, ಮೊದಲು ಕಪ್ಪು ಕಲ್ಲು ಗೆರೆಗೆ ಕೂರಿಸಿ, ಅಚ್ಚು ಮುಂದಕ್ಕೆ ಸರಿಸಿ. ತಿಳಿ ಕಲ್ಲು ಆಮೇಲೆ. ಪೋರ್ಚುಗಲ್‌ನಲ್ಲೂ ಇದೇ ಕ್ರಮ. ಬಾಗಿಗೆ ಬೇಕಾದ ಓರೆ ಕಲ್ಲನ್ನು ಕಡಿಯುವ ಬದಲು ರಾಶಿಯಿಂದ ಆರಿಸಿ: ಒಡೆದ ಕ್ಯೂಬಿನಲ್ಲಿ ಸೊಟ್ಟಗಿರುವವು ಧಾರಾಳ ಸಿಗುತ್ತವೆ. ಅವನ್ನು ಮೊದಲೇ ಬೇರೆ ಗುಡ್ಡೆ ಹಾಕಿಸಿ. ಮೊದಲು ಮೂರಡಿ ಚೌಕದ ಮಾದರಿ ಮಾಡಿಸಿ ನೋಡಿ, ಟೈಲ್ಸ್ ಮೇಸ್ತ್ರಿಗಿಂತ ಸೈಜುಗಲ್ಲು ಕಟ್ಟುವವರ ಕೈಗೆ ಇದು ಬೇಗ ಹತ್ತುತ್ತದೆ.

ಆದರೆ ಅಂಗಳದ ತುಂಬ ಅಲೆ ಬೇಡ ಎನ್ನುವುದು ನನ್ನ ಅಭಿಪ್ರಾಯ. ರೊಸ್ಸಿಯೊದ ಅಲೆ ಸಮತಟ್ಟು ನೆಲವನ್ನೇ ಏರಿಳಿತದಂತೆ ಕಾಣಿಸುತ್ತದೆ, ನೋಡಲು ಮಜಾ. ಕಣ್ಣು ಮಂಜಾದ ಹಿರಿಯರು ಮಾತ್ರ ಅಂಥ ಕಡೆ ಮೆಟ್ಟಿಲಿದೆ ಎಂದು ಕಾಲು ತಡೆಯುತ್ತಾರೆ. ಬಾಗಿಲಿನಿಂದ ಗೇಟಿಗೆ ನಡೆಯುವ 5 ಅಡಿ ಅಗಲದ ದಾರಿ ಬರೀ ತಿಳಿಬೂದು ಇರಲಿ. ಅಲೆಯ ಮೂರು ಪಟ್ಟಿ ಅದಕ್ಕೆ ಅಡ್ಡ ಬರದಂತೆ ಎರಡೂ ಬದಿಗೆ ಹಂಚಿ.

ನುಣುಪಾದರೆ ಸವೆದ ಒರಳಿಗೆ ಉಳಿ ಹೊಡೆಸುವ ಹಾಗೆ ಇದಕ್ಕೂ ಹೊಡೆಸಬಹುದು, ಚುಕ್ಕೆ ಚುಕ್ಕೆ 1–2 ಎಂಎಂ ಆಳ. ಉಳಿ ಅಥವಾ ಮುಳ್ಳು ಸುತ್ತಿಗೆ (ಮುಖದ ತುಂಬ ಮೊನೆಗಳಿರುವ ಸುತ್ತಿಗೆ) ಹಾಕುವ ಮೊದಲು ಆ ಜಾಗದ ಸಂದಿಗೆ ಮರಳು ಪೂರ್ತಿ ತುಂಬಿರಲಿ, ಇಲ್ಲದಿದ್ದರೆ ಏಟಿಗೆ ಕಲ್ಲು ಸಡಿಲವಾಗುತ್ತದೆ. ಇದು ದಾರಿಯ ಭಾಗಕ್ಕೆ ಮಾತ್ರ ಬೇಕಾದೀತು. ಈಗ ತರಿಸುವ ಲೋಡಿನಲ್ಲೇ ಎರಡೂ ಬಣ್ಣದ ಮುನ್ನೂರು ಕಲ್ಲು ಎತ್ತಿಟ್ಟುಕೊಳ್ಳಿ, ಮುಂದೆ ಅದೇ ಕ್ವಾರಿಯಿಂದಲೂ ಅದೇ ಬಣ್ಣ ಸಿಗುವುದಿಲ್ಲ.